ನಾಲ್ಕನೇ ಪ್ರತಿವಾದಿ

ನೇಮಕಾತಿಯ ವಿರುದ್ಧ ಅರ್ಜಿ ಹಾಕುವಾಗ ಒಂದು ರೂಲ್ ಇದೆ. ಯಾರ ನೇಮಕ ರದ್ದಾಗಬೇಕೆಂದು ಕೇಳುತ್ತೇವೋ ಅವನನ್ನೂ ಪ್ರತಿವಾದಿ ಮಾಡಬೇಕು. ಅವನಿಗೂ ನೋಟಿಸ್ ಹೋಗಬೇಕು, ಅವನ ಮಾತನ್ನೂ ಕೋರ್ಟು ಕೇಳಬೇಕು. ನೆಸೆಸರಿ ಪಾರ್ಟಿ ಎನ್ನುತ್ತೇವೆ. ವೆರಿ ಫೇರ್ ರೂಲ್. ಇಷ್ಟು ವರ್ಷಗಳ ವಕೀಲಿಕೆಯಲ್ಲಿ ಅದು ನನ್ನನ್ನು ಸತಾಯಿಸಿದ್ದು ಒಂದೇ ಸಲ.

ಆಕೆ ಹೊನ್ನಾವರದ ನನ್ನ ಮನೆಗೆ ಬಂದಾಗ ನಾನು ಕೋರ್ಟಿಗೆ ಹೋಗುವುದನ್ನು ಹೆಚ್ಚುಕಡಿಮೆ ನಿಲ್ಲಿಸಿದ್ದೆ. ಮೊಣಕಾಲಿನ ದೆಸೆಯಿಂದ ಮೆಟ್ಟಿಲು ಹತ್ತುವುದು ಕಷ್ಟವಾಗಿತ್ತು, ಕಪ್ಪು ಗೌನು ಕಪಾಟಿನಲ್ಲಿ ನುಸಿಗುಳಿಗೆಯ ವಾಸನೆ ಹೊಡೆಯುತ್ತ ಬಿದ್ದಿತ್ತು. ಜಗಲಿಯ ಮೇಲೆ ಕೂತು ಯಾರಿಗಾದರೂ ಒಪೀನಿಯನ್ ಕೊಡುವುದು, ಸಂಜೆ ರೇಡಿಯೋ ಕೇಳುವುದು, ಇಷ್ಟೇ. ಆಕೆ ಭಟ್ಕಳದ ಕಡೆಯಿಂದ ಬರುವ ಬಸ್ಸಿನಲ್ಲಿ ಇಳಿದು, ಬಿಸಿಲಲ್ಲಿ ನಡೆದು ಬಂದು, ಕೂರಿ ಎಂದರೂ ಕೂರದೆ ಕಂಬ ಹಿಡಿದು ನಿಂತಳು.

"ಪಂಪ್‌ಹೌಸಿನ ಬೀಗ ಬದ್ಲಾಗಿತ್ತು, ಅಕ್ಕೋರೆ" ಎಂದಳು. ನಮ್ಮ ಕಡೆ ಟೀಚರ್‌ಗಳಿಗೆ ಅಕ್ಕೋರು ಎನ್ನುತ್ತಾರೆ. ಓದಿದ ಹೆಂಗಸು ಎಂದರೆ ಟೀಚರೇ ಇರಬೇಕೆಂದು ಆಕೆ ತೀರ್ಮಾನಿಸಿದ್ದಳು, ನಾನೂ ತಿದ್ದಲಿಲ್ಲ. "ನಾನು ಕೀಲಿಗೇ ಎಂತೋ ಆಗಿದ್ದು ಅಂತ ತಿಳ್ಕಂಡೆ. ಮನೆಗೆ ಹೋಗಿ ತೆಂಗಿನೆಣ್ಣೆ ತಂದು ಹಚ್ಚಿದೆ. ಒಳಗೇ ಹೋಗುದಿಲ್ಲ. ಆಗ ದಾರಿ ಮೇಲೆ ಹೋಗುವವ್ರು ಹೇಳಿದ್ರು, ಏ ಮಾರಾಯ್ತಿ, ಪಂಚಾಯ್ತಿಯವ್ರು ಬೇರೆ ಜನ ತಕಂಡ್ರಲೆ, ನಿಂಗೆ ಹೇಳ್ಲಿಲ್ವಾ ಅಂತ."

ಆಕೆಯ ಗಂಡ ಆ ಗ್ರಾಮ ಪಂಚಾಯಿತಿಯ ಪಂಪ್ ಆಪರೇಟರ್ ಆಗಿದ್ದ. ಹೊಳೆದಂಡೆಯ ಬಾವಿಯಿಂದ ನೀರೆತ್ತಿ ಟ್ಯಾಂಕ್ ತುಂಬಿಸಿ, ವಾಲ್ವ್ ತಿರುಗಿಸಿ ಒಂದೊಂದೇ ಕೇರಿಗೆ ಬಿಡುವ ಕೆಲಸ. ಅವನು ಕಾಯಿಲೆ ಬಿದ್ದಾಗಲೇ ಆಕೆ ಅದನ್ನು ಕೈಗೆತ್ತಿಕೊಂಡಿದ್ದಳು. ಅವನು ಹೋದ ಮೇಲೆ ಪಂಚಾಯಿತಿಯವರು "ಸದ್ಯಕ್ಕೆ ನೀನೇ ಬಿಡ್ತಾ ಇರು" ಎಂದರು. ಆ ಸದ್ಯ ವರ್ಷಗಟ್ಟಲೆ ನಡೆಯಿತು. ಆದೇಶವಿಲ್ಲ, ಹಾಜರಿಯಿಲ್ಲ. ಕಾಯಂ ಹುದ್ದೆಗೆ ಮಂಜೂರಾತಿ ಬಂದ ಕೂಡಲೇ ಮಾತ್ರ ಕಚೇರಿ ಚುರುಕಾಯಿತು. ನೋಟಿಸ್ ಹಾಕಿದ್ದೇವೆ ಎಂದರು, ಅರ್ಜಿ ಬಂತು ಎಂದರು, ಸಂದರ್ಶನ ಆಯಿತು ಎಂದರು. ಪಂಚಾಯಿತಿಯ ಬೋರ್ಡಿನ ಮೇಲೆ ಯಾವ ಕೇರಿಗೆ ಎಷ್ಟು ಹೊತ್ತಿಗೆ ನೀರು ಎಂಬ ಚೀಟಿ ಅಂಟಿಸುತ್ತಿದ್ದವಳೇ ಈಕೆ. ಬೋರ್ಡಿನಲ್ಲಿ ಅಂಥ ನೋಟಿಸ್ ಯಾವತ್ತೂ ಇರಲಿಲ್ಲ ಎಂದು ಎದೆ ಮುಟ್ಟಿ ಹೇಳಿದಳು.

ಇಷ್ಟು ಕೇಳುವಷ್ಟರಲ್ಲಿ ನನಗೆ, ಫ್ರಾಂಕ್ಲಿ, ಹಳೆಯ ಹುರುಪು ಮರಳಿತ್ತು. ನೋಟಿಸೇ ಇಲ್ಲದ ನೇಮಕಾತಿ. ಟೆಕ್ಸ್ಟ್‌ಬುಕ್ ಕೇಸ್. ಪೆನ್ನು ತೆಗೆದು ಕೇಳಿದೆ: "ತಗೊಂಡದ್ದು ಯಾರನ್ನು?"

ಆಕೆ ಅಂಗಳದ ಕಡೆ ನೋಡಿದಳು. ಮೂರು ಸಲ ಕೇಳಿದ ಮೇಲೆ ಬಾಯಿ ಬಿಟ್ಟಳು.

"ನಮ್ಮ ಭಾವನ ಮಗ."

ಗಂಡನ ಅಣ್ಣನ ಮಗ. ಒಂದೇ ಹಿತ್ತಲಿನಲ್ಲಿ ಪಕ್ಕದ ಮನೆ. ಈಕೆಗೆ ಮಕ್ಕಳಿಲ್ಲ. ಗಂಡನ ಚಿತೆಗೆ ಬೆಂಕಿ ಕೊಟ್ಟವನು ಅವನೇ, ಪ್ರತಿ ವರ್ಷ ತಿಥಿಗೆ ಪಿಂಡ ಇಡುವವನೂ ಅವನೇ.

"ಅವ್ನ ಹೆಸ್ರೊಂದು ಬಿಟ್ಟು ಮತ್ತೆಂತ ಬೇಕಾದ್ರೂ ಬರೀರಿ" ಎಂದಳು. "ಅಧ್ಯಕ್ಷರ ಮೇಲೆ ಹಾಕಿ, ಪಿಡಿಒ ಮೇಲೆ ಹಾಕಿ. ಆ ಹುಡ್ಗನ ಮನೆಗೆ ಕೋರ್ಟಿನ ಕಾಗದ ಹೋಗುದು ಬೇಡ."

"ಅವನ ಕೆಲಸ ಹೋದರೆ ತಾನೇ ನಿನಗೆ ಸಿಗುವುದು?"

"ಅದು ಗೊತ್ತಿತ್ತು. ಕಾಗದ ಹೋಗುದು ಬೇಡ."

ರೂಲ್ ವಿವರಿಸಿದೆ. ಉದಾಹರಣೆ ಕೊಟ್ಟೆ. ಆಕೆ ಎಲ್ಲದಕ್ಕೂ ತಲೆಯಾಡಿಸಿ ಕೊನೆಗೆ ಅದೇ ಮಾತು ಹೇಳಿದಳು. ನಮ್ಮ ಊರುಗಳಲ್ಲಿ ಗದ್ದೆಯ ಅಂಚಿಗೆ ಬೈದಾಡುತ್ತಾರೆ, ದನ ನುಗ್ಗಿದರೆ ಕೋಲು ಎತ್ತುತ್ತಾರೆ, ಮರುವಾರ ಮದುವೆಯಲ್ಲಿ ಒಂದೇ ಸಾಲಿನಲ್ಲಿ ಊಟಕ್ಕೆ ಕೂರುತ್ತಾರೆ. ಕೋರ್ಟಿನ ಕಾಗದ ಮನೆ ಬಾಗಿಲಿಗೆ ಬಂತೆಂದರೆ ಮಾತ್ರ ಮುಂದಿನ ತಲೆಮಾರಿನವರೂ ಮಾತು ಬಿಡುತ್ತಾರೆ. ಇದು ನನಗೂ ಗೊತ್ತಿದ್ದ ಸಂಗತಿಯೇ.

ಮೊದಲು ಭಟ್ಕಳಕ್ಕೆ ಹೋದೆವು, ಉಪವಿಭಾಗಾಧಿಕಾರಿಯ ಕಚೇರಿಗೆ. ಅಲ್ಲಿಯ ಗುಮಾಸ್ತ ಅರ್ಜಿಯನ್ನು ಪೂರ್ತಿ ಓದುವ ಸೌಜನ್ಯ ತೋರಿಸಿ, ಇದು ನಮಗೆ ಬರುವುದಿಲ್ಲ, ಜಿಲ್ಲಾ ಪಂಚಾಯಿತಿಗೆ ಹೋಗಿ ಎಂದ. ಕಾರವಾರದಲ್ಲಿ ಜಿಲ್ಲಾ ಪಂಚಾಯಿತಿಯವರು ಮೊದಲು ತಾಲೂಕು ಪಂಚಾಯಿತಿಯ ಇಒ ಮುಂದೆ ಅಪೀಲು ಹಾಕಿ ಎಂದರು. ಆ ಇಒ ಕಚೇರಿ ಇರುವುದು ನನ್ನ ಮನೆಯಿಂದ ಕೂಗಳತೆಯಲ್ಲಿ. ಮಾಹಿತಿ ಹಕ್ಕಿನಡಿ ಕೇಳಿದ ಕಾಗದಗಳು ಬಂದವು. ಒಂದೇ ಅರ್ಜಿ ಬಂದಿತ್ತಂತೆ, ಒಬ್ಬನನ್ನೇ ಸಂದರ್ಶಿಸಿದರಂತೆ, ಅವನೇ ಪ್ರಥಮ ಸ್ಥಾನ. ಈಕೆಗೆ ಅನುಭವ ಪ್ರಮಾಣಪತ್ರ ಕೊಡಿ ಎಂದು ಕೇಳಿದ್ದಕ್ಕೆ ಪಿಡಿಒ ಉತ್ತರ ಬರೆದಿದ್ದರು: ಸದರಿಯವರು ಪಂಚಾಯಿತಿಯ ನೌಕರರಲ್ಲ, ಮಾನವೀಯತೆಯ ದೃಷ್ಟಿಯಿಂದ ಅವಕಾಶ ನೀಡಲಾಗಿತ್ತು. ಊರಿಗೆ ನೀರು ಕೊಟ್ಟವಳಿಗೆ ಇವರು ಮಾನವೀಯತೆ ಕೊಟ್ಟರಂತೆ. ಆ ಸಾಲು ಓದಿ ನನ್ನ ಟೆಂಪರ್ ಎಲ್ಲಿಗೆ ಹೋಯಿತೆಂದು ಹೇಳಲಾರೆ. ಕಾನ್ವೆಂಟಿನ ಸಿಸ್ಟರ್‌ಗಳು ಕಲಿಸಿದ ಮ್ಯಾನರ್ಸ್ ಇಲ್ಲದಿದ್ದರೆ ಆ ಹಾಳೆಯನ್ನು ಅಲ್ಲೇ ಹರಿಯುತ್ತಿದ್ದೆ.

ಅಪೀಲಿನಲ್ಲಿ ಅಧ್ಯಕ್ಷರನ್ನೂ ಪಿಡಿಒ ಅವರನ್ನೂ ಮಾತ್ರ ಹೆಸರಿಸಿದೆವು. ಬಿದ್ದುಹೋಗುತ್ತದೆ ಎಂದು ಆಕೆಗೆ ಸ್ಪಷ್ಟವಾಗಿ ಹೇಳಿದ್ದೆ. ಬೀಳಲಿ, ನೋಡುವ ಎಂದಿದ್ದಳು.

ಬೀಳುವುದಕ್ಕೂ ಸರದಿ ಬೇಕಲ್ಲ. ಇಒ ಸಾಹೇಬರಿಗೆ ಒಂದು ದಿನ ಕಾರವಾರದ ಜೊತೆ ವಿಡಿಯೋ ಕಾನ್ಫರೆನ್ಸ್, ಇನ್ನೊಂದು ದಿನ ಚುನಾವಣಾ ತರಬೇತಿ, ಮತ್ತೊಂದು ದಿನ ಯಾರೋ ಮಂತ್ರಿ. ಆಕೆ ಪ್ರತಿ ಸಲವೂ ಬಂದು ಬೆಂಚಿನ ತುದಿಯಲ್ಲಿ ಸೆರಗು ಹೊದ್ದು ಕೂರುತ್ತಿದ್ದಳು. ನಾನು ಫೈಲಿನಿಂದ ಗಾಳಿ ಹಾಕಿಕೊಳ್ಳುತ್ತಿದ್ದೆ. ಪಂಚಾಯಿತಿಯ ಪರ ವಕೀಲರು ಭಟ್ಕಳದವರು, ನನಗಿಂತ ಬಹಳ ಚಿಕ್ಕವರು, ತುಂಬ ಮರ್ಯಾದಸ್ಥರು. ಬಂದವರೇ ನನಗೊಂದು ಕುರ್ಚಿ ಹುಡುಕಿ ತರುತ್ತಿದ್ದರು.

"ಈ ವಯಸ್ಸಲ್ಲಿ ಯಾಕೆ ಮೇಡಂ ಇಷ್ಟು ತಕ್ಲೀಫು?" ಎಂದರು ಒಮ್ಮೆ. "ನಿಮಗೂ ಗೊತ್ತು, ನನಗೂ ಗೊತ್ತು, ಇದರಲ್ಲಿ ಮುಖ್ಯ ಪಾರ್ಟಿಯೇ ಇಲ್ಲ. ನಾನು ಎದ್ದು ನಿಂತು ಒಂದು ಮಾತು ಹೇಳಿದರೆ ಖಲಾಸ್."

"ಹೇಳಬೇಡಿ ಮತ್ತೆ."

"ಫೀಸು ತಗೊಂಡಿದ್ದೇನಲ್ಲ, ಮೇಡಂ" ಎಂದು ನಕ್ಕರು. ನನಗೂ ನಗು ಬಂತು.

ಹೇಳಿದರು, ಖಲಾಸ್ ಆಯಿತು. ಅರ್ಧ ಪುಟದ ಆದೇಶ. ಆಯ್ಕೆಯಾದ ಅಭ್ಯರ್ಥಿಯನ್ನು ಪ್ರತಿವಾದಿ ಮಾಡದ ಕಾರಣ ಅಪೀಲು ತಿರಸ್ಕರಿಸಿದೆ. ನೋಟಿಸ್ ಹಾಕಿದ್ದರೋ ಇಲ್ಲವೋ ಎಂಬ ಬಗ್ಗೆ ಒಂದು ಅಕ್ಷರವೂ ಇರಲಿಲ್ಲ.

ಹೊರಗೆ ವರಾಂಡದಲ್ಲಿ ಅಧ್ಯಕ್ಷರು ಎಲೆಯಡಿಕೆ ಹಾಕಿಕೊಳ್ಳುತ್ತ ನಿಂತಿದ್ದರು. ನನಗೆ ನಮಸ್ಕಾರ ಮಾಡಿದರು, ಆಕೆಯನ್ನು ನೋಡಿ ಮಾತ್ರ ದೊಡ್ಡದಾಗಿ ನಕ್ಕರು.

"ಎಂತದೇ, ಸುಮ್ನೆ ವಕೀಲಮ್ಮನಿಗೂ ಕಾಲುನೋವು ಮಾಡಿಸ್ದೆ. ಕೆಲ್ಸ ಎಲ್ಲಿಗೆ ಹೋಯ್ತು ಹೇಳು? ನಿನ್ನ ಮನೆಲೇ ಉಳೀತಲ್ಲ! ಬೇರೆ ಕೇರಿಯವ್ರಿಗೆ ಕೊಟ್ಟಿದ್ರೆ ನೀನು ಹೈಕೋರ್ಟಿಗೇ ಹೋಗ್ತಿದ್ದೆ. ಹಂಗಾಗೇ ವಿಚಾರ ಮಾಡಿ ಮನೆ ಹುಡ್ಗನ್ನೇ ತಕಂಡಿದ್ದು. ಹೆಸ್ರು ಅವಂದಿರ್ಲಿ, ನೀರು ನೀನೇ ಬಿಡು, ಇಬ್ರೂ ಗಂಜಿ ಕುಡೀರಿ. ಆತಲ್ಲ?"

ಹುಡುಗ ಅವರ ಚುನಾವಣೆಗೆ ಓಡಾಡಿದವನೆಂದು ನನಗೆ ಆಮೇಲೆ ತಿಳಿಯಿತು. ಓಡಾಡಿದವರು ಬೇರೆಯವರೂ ಇದ್ದರು. ಅವರೆಲ್ಲರಲ್ಲಿ ಇವನನ್ನೇ ಆರಿಸಿದ್ದಕ್ಕೆ ಕಾರಣ ಅಧ್ಯಕ್ಷರ ಬಾಯಿಂದಲೇ ಬಂದಿತ್ತು. ಆಕೆ ಕೇಸು ಹಾಕಲಾರದಂಥ ಒಬ್ಬನೇ ಒಬ್ಬ ಮನುಷ್ಯನನ್ನು ಊರಲ್ಲಿ ಹುಡುಕಿ ಕೆಲಸ ಕೊಟ್ಟಿದ್ದರು. ನಾನು ಕಾನೂನು ಪುಸ್ತಕ ತಿರುವುತ್ತಿದ್ದಾಗ ಅವರು ಆಕೆಯ ಮನೆಯ ಸಂಬಂಧಗಳನ್ನು ತಿರುವಿ ನೋಡಿದ್ದರು.

ಬಸ್‌ಸ್ಟ್ಯಾಂಡಿನವರೆಗೂ ಆಕೆಯ ಜೊತೆ ಹೋದೆ. ಬಸ್ಸು ಹತ್ತುವ ಮುಂಚೆ ತಿರುಗಿ ಕೇಳಿದಳು: "ಹೈಕೋರ್ಟು ಅಂದ್ರೆ ಬೆಂಗಳೂರಾ?"

"ನಮಗೆ ಧಾರವಾಡ."

"ಹಾಕಿ. ಅವ್ನ ಹೆಸ್ರೂ ಹಾಕಿ."

ಧಾರವಾಡದಲ್ಲಿ ನನ್ನ ಹಳೆಯ ಜೂನಿಯರ್ ಒಬ್ಬ ಪ್ರಾಕ್ಟೀಸ್ ಮಾಡುತ್ತಾನೆ. ಅವನ ತಂದೆತಾಯಿ ಕುಮಟಾದಲ್ಲಿ ಇರುವುದರಿಂದ ಶನಿವಾರ ಬರುತ್ತಾನೆ. ಕುಮಟಾದ ಬಸ್‌ಸ್ಟ್ಯಾಂಡಿನ ಎದುರಿನ ಕ್ಯಾಂಟೀನಿನಲ್ಲಿ ಕೂತು ವಕಾಲತ್ತಿಗೆ, ಅಫಿಡವಿಟ್ಟಿಗೆ ಆಕೆಯ ಸಹಿ ಹಾಕಿಸಿದೆವು. ಒಂದನೇ ಪ್ರತಿವಾದಿ ರಾಜ್ಯ ಸರ್ಕಾರ, ಎರಡನೆಯದು ಜಿಲ್ಲಾ ಪಂಚಾಯಿತಿ, ಮೂರನೆಯದು ಗ್ರಾಮ ಪಂಚಾಯಿತಿ. ನಾಲ್ಕನೆಯ ಹೆಸರನ್ನು ಜೂನಿಯರ್ ಓದುವಾಗ ಆಕೆ ಬನ್ಸಿನ ತಟ್ಟೆಯನ್ನು ಅತ್ತ ಸರಿಸಿ ಹೊರಗೆ ನೋಡಿದಳು. ಸಹಿ ಮಾತ್ರ ನೆಟ್ಟಗಿತ್ತು.

ಮೊದಲ ವಿಚಾರಣೆ ಎರಡು ನಿಮಿಷವೂ ನಡೆಯಲಿಲ್ಲವಂತೆ. ನೇಮಕವು ಈ ಅರ್ಜಿಯ ಅಂತಿಮ ತೀರ್ಪಿಗೆ ಒಳಪಟ್ಟಿರುತ್ತದೆ, ಪ್ರತಿವಾದಿಗಳಿಗೆ ನೋಟಿಸ್. ನಾನು ಜಗಲಿಯಲ್ಲಿ ಕೂತು ಖುಷಿಪಟ್ಟೆ. ಕಷ್ಟದ ಭಾಗ ಮುಗಿಯಿತೆಂದುಕೊಂಡೆ.

ಸರ್ಕಾರಕ್ಕೆ ನೋಟಿಸ್ ಮುಟ್ಟಿತು, ಎರಡೂ ಪಂಚಾಯಿತಿಗಳಿಗೆ ಮುಟ್ಟಿತು. ನಾಲ್ಕನೆಯವನಿಗೆ ಮುಟ್ಟಲೇ ಇಲ್ಲ. "ಬಾಗಿಲು ಹಾಕಿದೆ" ಎಂದು ಬರೆಸಿಕೊಂಡು ಲಕೋಟೆ ವಾಪಸ್ಸು ಬಂತು. ಮತ್ತೆ ಕಳಿಸಿದರು. "ಊರಲ್ಲಿಲ್ಲ." ಮತ್ತೂ ಕಳಿಸಿದರು. ಅಷ್ಟರಲ್ಲಿ ಮಳೆಗಾಲ ಬಂತು, ಕೋರ್ಟಿನ ದಸರಾ ರಜೆಯೂ ಬಂತು. ಆ ಊರಿನ ಪೋಸ್ಟ್‌ಮ್ಯಾನ್ ಹುಡುಗನ ತಾಯಿಯ ಕಡೆ ನೆಂಟ. ದಿನಾ ಅವರ ಮನೆಯಲ್ಲಿ ಚಹಾ ಕುಡಿದು, ಹಾಕಿಲ್ಲದ ಬಾಗಿಲನ್ನು ಹಾಕಿದೆ ಎಂದು ಬರೆಯುತ್ತಿದ್ದ. ಅವನ ಲೆಕ್ಕದಲ್ಲಿ ಅದು ಸುಳ್ಳೂ ಅಲ್ಲವೇನೋ, ಒಂದು ಮನೆತನವನ್ನು ಕಾಪಾಡುವ ಕೆಲಸ. ನಾಲ್ಕನೆಯವನಿಗೆ ನೋಟಿಸ್ ಜಾರಿಯಾಗದೆ ಕೇಸು ಮುಂದೆ ಹೋಗುವುದಿಲ್ಲ. ಅತ್ತ ಅವನು ಪಂಪ್‌ಹೌಸಿನಲ್ಲಿ ಬೀಡಿ ಸೇದುತ್ತ ಕೂತಿರುತ್ತಾನೆ, ಮೇಲಿನ ಕೇರಿಗೆ ನೀರು ಹತ್ತುವುದಿಲ್ಲ ಎಂದು ಹೆಂಗಸರು ಈಕೆಗೆ ಬೈಯುತ್ತಾರೆ. "ನಿನ್ನ ಕೇಸಿನಿಂದ ಆ ಹುಡ್ಗನಿಗೆ ಕೆಲ್ಸದ ಮೇಲೆ ಮನಸ್ಸೇ ಇಲ್ಲ" ಎಂಬುದು ಅವರ ತಕರಾರು. ಸಚ್ ಲಾಜಿಕ್!

ಜೂನಿಯರ್ ಫೋನ್ ಮಾಡಿದ. "ಮೇಡಂ, ಕೈನೋಟಿಸಿಗೆ ಪರ್ಮಿಷನ್ ತಗೊಂಡಿದ್ದೇನೆ. ಕೋರ್ಟಿನ ಕಾಗದ ನಮ್ಮ ಕೈಗೇ ಕೊಡ್ತಾರೆ, ನಾವೇ ಮುಟ್ಟಿಸಿ ಅವನ ಸಹಿ ತರಬೇಕು. ನಾನು ಯಾರನ್ನಾದರೂ ಕಳಿಸ್ತೇನೆ."

ಆಕೆಗೆ ತಿಳಿಸಿದೆ. "ಬೇರೆ ಯಾರೂ ಬೇಡ" ಎಂದಳು. "ಹೊರಗಿನವ್ರು ಬಂದ್ರೆ ಆ ಮನೆಯವ್ರಿಗೆ ಮತ್ತೂ ಅವಮಾನ. ನಾನೇ ಕೊಡ್ತೆ."

ಈ ತೀರ್ಮಾನ ನನಗೆ ಹೊಳೆಯುವಂಥದ್ದೇ ಆಗಿರಲಿಲ್ಲ. ಅಪೀಲಿನಲ್ಲಿ ಅವನ ಹೆಸರು ಬರೆಸಲೇ ಹಿಂಜರಿದವಳು, ಈಗ ಆ ಕಾಗದವನ್ನು ಸ್ವಂತ ಕೈಯಾರೆ ಕೊಡುತ್ತೇನೆ ಎನ್ನುತ್ತಿದ್ದಳು. ನಾನೂ ಬರುತ್ತೇನೆಂದೆ. ರಿಕ್ಷಾದಲ್ಲಿ ಹೋಗಿ ಹೈವೇ ಬದಿಗೆ ಇಳಿದು, ಆಕೆಯ ತೋಳು ಹಿಡಿದುಕೊಂಡು ಹಿತ್ತಲಿನ ಬೇಲಿಯ ದಣಪೆ ಸರಿಸಿ ಒಳಗೆ ಹೋದೆ.

ಹುಡುಗನ ತಾಯಿ ಹೊರಗೆ ಕೂತು ಹೊಳೆಯ ಬಳಚನ್ನು ಚಿಪ್ಪಿನಿಂದ ಬಿಡಿಸುತ್ತಿದ್ದಳು. ಚಿಪ್ಪು ಎಸೆಯುವ ಕೈ ನಿಂತಿತು.

"ಅಕ್ಕ, ಹುಡ್ಗ ಇದ್ನಾ?"

"ಎಂತಕ್ಕೆ?"

"ಒಂದು ಕಾಗದ ಕೊಡೂದಿತ್ತು."

"ಓಹೋ! ಪೋಸ್ಟಿನ ಕೆಲ್ಸವೂ ಸಿಕ್ಕಿತಾ ನಿಂಗೆ?" ಎಂದಳು ವಾರಗಿತ್ತಿ. ನನ್ನ ಕಡೆ ತಿರುಗಿ, "ನೀವು ದೊಡ್ಡವ್ರು, ಓದಿದವ್ರು. ಮನೆ ಒಡೆಯುಕೆ ಇಲ್ಲಿವರೆಗೆ ಬಂದ್ರಲೆ ಅಮ್ಮ" ಎಂದಳು. ನಾನು ಚೀಲದಿಂದ ಪೆನ್ನು ತೆಗೆದೆ.

ಒಳಗಿಂದ ಅವನು ಬಂದ. ಇಪ್ಪತ್ತೈದರ ಆಸುಪಾಸಿನ ಹುಡುಗ, ಅಷ್ಟು ದಿನ ಪೇಪರಿನ ಮೇಲೆ ಹಲ್ಲು ಕಡಿಯುತ್ತ ಓದಿದ ಹೆಸರಿಗೆ ಒಂದು ಮುಖ. ಟವೆಲಿನಿಂದ ತಲೆ ಒರೆಸಿಕೊಳ್ಳುತ್ತಿದ್ದ.

"ಚಿಕ್ಕಿ, ನಾನು ಕೇಳ್ಕಂಡು ಹೋದದ್ದಲ್ಲ. ಅವ್ರೇ ಕರ್ದು ಕೊಟ್ರು. ನಿಂಗೆ ಅರ್ಧ ಕೊಡ್ತೆ ಅಂತ ಅವತ್ತೇ ಹೇಳಿದ್ನಲ್ಲ."

"ಕೊಡ್ತೆ ಅಂದಿದ್ದೆ. ನಂದು ನಂಗೆ ನೀ ಎಂತಕ್ಕೆ ಕೊಡೂದು?"

"ಮುಟ್ಟಬೇಡ್ವೋ!" ಎಂದು ತಾಯಿ ಎದ್ದಳು, ಮಡಿಲಿನಿಂದ ಚಿಪ್ಪುಗಳು ಉದುರಿದವು. "ಅವ್ಳ ಗಂಡನ ಬಾಯಿಗೆ ಅಕ್ಕಿ ಹಾಕಿದ ಕೈ ಅದು. ಆ ಕೈಗೆ ಕೋರ್ಟಿನ ಕಾಗದ ಕೊಡುಕೆ ಬಂದಿದ್ಲು. ಬರೂ ವರ್ಷ ಪಿಂಡ ಯಾರು ಇಡ್ತ್ರು ಕೇಳು ಅವ್ಳತ್ರ!"

ಆಕೆ ಕಾಗದವನ್ನು ಚಾಚಿದ ಕೈಯಲ್ಲೇ ಹಿಡಿದಿದ್ದಳು. "ಅವ್ರು ಬದುಕಿದ್ರೆ ಈ ಕೆಲ್ಸ ನಿಂಗೆ ಕಲಿಸಿ, ಅವ್ರೇ ಬಿಟ್ಟುಕೊಡ್ತಿದ್ರೇನೋ" ಎಂದಳು ಹುಡುಗನಿಗೆ. "ಅವ್ರು ಇಲ್ಲ. ನಂಗೆ ಊಟ ಬೇಕು. ತಕೋ, ಸಹಿ ಹಾಕು."

ಅವನು ತಾಯಿಯನ್ನು ನೋಡಿದ, ಚಿಕ್ಕಮ್ಮನನ್ನು ನೋಡಿದ. ಒದ್ದೆ ಕೈಯನ್ನು ಟವೆಲಿಗೆ ಒರೆಸಿ ನನ್ನ ಪೆನ್ನು ಈಸಿಕೊಂಡ. ಗೋಡೆಗೆ ಒತ್ತಿಟ್ಟು ಸಹಿ ಹಾಕಿದ. ಪೆನ್ನನ್ನು ನನಗೆ ಕೊಡದೆ ಕಟ್ಟೆಯ ಮೇಲಿಟ್ಟು ಒಳಗೆ ಹೋದ.

ಮುಂದಿನದು ಬೇಗ ಆಯಿತು. ಕೋರ್ಟಿನ ಮಟ್ಟಿಗೆ ಬೇಗ. ಅಷ್ಟು ದೊಡ್ಡ ಊರಿನಲ್ಲಿ ಸರ್ಕಾರಿ ಕೆಲಸ ಬೇಕಾದವನು ಒಬ್ಬನೇ ಇದ್ದನೇ ಎಂದು ನ್ಯಾಯಮೂರ್ತಿಗಳು ಕೇಳಿದರಂತೆ. ಆಮೇಲೆ ಆದೇಶ ಬಂತು. ಪ್ರಕಟಣೆ ನಿಯಮದಂತೆ ನಡೆದಿಲ್ಲ, ನೇಮಕ ರದ್ದು, ಹೊಸದಾಗಿ ಅಧಿಸೂಚನೆ ಹೊರಡಿಸಿ, ಅರ್ಜಿದಾರರು ಅರ್ಜಿ ಹಾಕಿದರೆ ಕಾನೂನಿನಂತೆ ಪರಿಗಣಿಸಿ. ಜೂನಿಯರ್ "ಕಂಗ್ರಾಟ್ಸ್ ಮೇಡಂ" ಎಂದ. ನಾನು ಆ ಕೊನೆಯ ಪದದ ಮೇಲೆ ಬೆರಳಿಟ್ಟು ಕೂತಿದ್ದೆ. ಪರಿಗಣಿಸಿ. ಕನ್ಸಿಡರ್. ಕೊಡಿ ಎಂದಿಲ್ಲ. ಕೊಡಿ ಎನ್ನಲು ಕೋರ್ಟಿಗೂ ಬರುವುದಿಲ್ಲ, ಅದೂ ಸರಿಯೇ.

ಹುಡುಗ ಕೆಲಸ ಬಿಟ್ಟು ಮೀನಿನ ಬೋಟಿಗೆ ಹೋದ. ಎರಡು ಮನೆಗಳ ನಡುವೆ ಹಸಿರು ನೆಟ್ಟಿನ ಬೇಲಿ ಬಂತು. ಆ ವರ್ಷದ ತಿಥಿಗೆ ಅವನು ಬರಲಿಲ್ಲ. ಆಕೆ ದೇವಸ್ಥಾನಕ್ಕೆ ಅಕ್ಕಿ ಕಾಯಿ ಕೊಟ್ಟು ಬಂದಳಂತೆ. ಇದನ್ನು ನಾನಾಗಿ ಕೇಳಿದ್ದಕ್ಕೆ ಹೇಳಿದಳು.

ಪಂಚಾಯಿತಿಯವರು ತಿಂಗಳುಗಟ್ಟಲೆ ಏನೂ ಮಾಡಲಿಲ್ಲ. ನ್ಯಾಯಾಂಗ ನಿಂದನೆ ಎಂದು ನಾನು ಪತ್ರ ಬರೆದು ಹೆದರಿಸಿದ ಮೇಲೆ ಅಧಿಸೂಚನೆ ಹೊರಟಿತು. ಈ ಸಲ ಪೇಪರಿನಲ್ಲಿ ಹಾಕಿದರು, ಶಾಲೆಯ ಗೋಡೆಗೆ, ರೇಷನ್ ಅಂಗಡಿಗೆ, ಬೋರ್ಡಿಗೆ, ಎಲ್ಲ ಕಡೆ ಅಂಟಿಸಿದರು. ಕಾನೂನಿನ ಪ್ರಕಾರ ಪರ್ಫೆಕ್ಟ್. ಹಿಂದೆ ಇಲ್ಲದಿದ್ದ ಒಂದು ಸಾಲು ಮಾತ್ರ ಸೇರಿತ್ತು. ಗರಿಷ್ಠ ವಯೋಮಿತಿ. ಆಕೆ ಅದನ್ನು ದಾಟಿ ಎಷ್ಟೋ ವರ್ಷವಾಗಿತ್ತು. ಬಹುಪಾಲು ಆ ಪಂಪ್‌ಹೌಸಿನಲ್ಲೇ ದಾಟಿದ್ದಳು.

ಆಕೆ ಆ ಪೇಪರಿನ ತುಂಡು ಹಿಡಿದು ಬಂದ ದಿನ ನನಗೆ ಜ್ವರ. ಶಾಲು ಹೊದ್ದು ಜಗಲಿಯಲ್ಲೇ ಕೂತು ಓದಿದೆ. ಅನುಭವಕ್ಕೆ ವಯಸ್ಸಿನ ಸಡಿಲಿಕೆ ಕೊಡಿ ಎಂದು ಕೇಳಬಹುದು, ಅಧಿಸೂಚನೆಯ ಆ ಸಾಲನ್ನೇ ಪ್ರಶ್ನಿಸಬಹುದು. ಆದರೆ ಪುನಃ ಧಾರವಾಡ, ಪುನಃ ವರ್ಷಗಳು. ನನಗೆ ಅಷ್ಟು ವರ್ಷ ಇದೆಯೇ ಎಂಬುದೂ ಪ್ರಶ್ನೆಯೇ. ಬೇಡ ಎಂದರೆ ನಾನು ತಪ್ಪು ತಿಳಿಯುವುದಿಲ್ಲ ಎಂದು ಹೇಳಿದೆ. ಮನಸ್ಸಿನೊಳಗೆ, ಬೇಡ ಎನ್ನಲಿ ಎಂದೇ ಇತ್ತು.

"ಹಾಕುವ" ಎಂದಳು.

ಕಾಗದ ತೆಗೆದು ಬರೆಯತೊಡಗಿದೆ. ಒಂದು, ರಾಜ್ಯ ಸರ್ಕಾರ. ಎರಡು, ಜಿಲ್ಲಾ ಪಂಚಾಯಿತಿ. ಮೂರು, ಗ್ರಾಮ ಪಂಚಾಯಿತಿ.

"ನಾಲ್ಕನೆಯವ್ರು?" ಎಂದು ಆಕೆಯೇ ಕೇಳಿದಳು.

"ಈಗ ಯಾರೂ ಇಲ್ಲ. ಇನ್ನೂ ಯಾರನ್ನೂ ಆರಿಸಿಲ್ಲವಲ್ಲ. ಆರಿಸಿದ ಮೇಲೆ ಸೇರಿಸಬೇಕು. ಆಗ ನಿನ್ನನ್ನು ಕೇಳುತ್ತೇನೆ."

"ಕೇಳುದು ಬೇಡ, ಅಕ್ಕೋರೆ" ಎಂದಳು. "ಯಾರಾದ್ರೂ ಆಗ್ಲಿ, ಹಾಕಿ. ನಾನೇ ಒಯ್ದು ಕೊಡ್ತೆ."

ಮೊದಲ ದಿನದಿಂದ ಆಕೆಯ ಬಾಯಿಂದ ಹೊರಡಿಸಲು ನಾನು ಹೆಣಗಿದ್ದು ಇದೇ ಮಾತನ್ನು. ಚಹಾ ಕುಡಿದು ಹೋಗು ಎಂದೆ. ಬಸ್ಸು ತಪ್ಪುತ್ತದೆ ಎಂದು ಚಪ್ಪಲಿ ಮೆಟ್ಟಿದಳು.